ಹೊಡೆದಿಲ್ಲ, ಬಡಿದಿಲ್ಲ, ಆದರೂ ಬಾಳಲು ಆಗುತ್ತಿಲ್ಲ: ಮಾನಸಿಕ ಕ್ರೌರ್ಯದ ಮೇಲೆ ವಿಚ್ಛೇದನ ಕೇಳುವುದು ಹೇಗೆ?

ವಕೀಲರ ಆಫೀಸಿಗೆ ಮೊದಲ ಸಲ ಬರುವವರು ಹೆಚ್ಚಾಗಿ ಶುರು ಮಾಡುವುದು ಒಂದೇ ಮಾತಿನಿಂದ: “ತುಂಬಾ ಟಾರ್ಚರ್ ಸರ್.” ಏನು ಟಾರ್ಚರ್ ಅಂತ ಕೇಳಿದರೆ ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ. ಆಮೇಲೆ, “ಹೇಳೋಕೆ ಹೋದ್ರೆ ಏನೂ ಇಲ್ಲ ಅನ್ಸುತ್ತೆ. ಆದ್ರೆ ದಿನಾ ಇದೇ” ಅನ್ನುತ್ತಾರೆ. ಗಂಡಸರೂ ಹೀಗೇ ಹೇಳುತ್ತಾರೆ, ಹೆಂಗಸರೂ ಹೀಗೇ ಹೇಳುತ್ತಾರೆ.

ಆ “ಏನೂ ಇಲ್ಲ ಅನ್ಸುತ್ತೆ” ಅನ್ನುವುದನ್ನು ಬಿಡಿಸಿ, ಜಡ್ಜ್ ಓದಿದರೆ ಅರ್ಥವಾಗುವ ಹಾಗೆ ಬರೆಯುವುದೇ ಈ ಕೇಸಿನ ಅರ್ಧ ಕೆಲಸ. ಮನಸ್ಸಿನೊಳಗೆ ಇಣುಕಿ ನೋಡಲು ಕೋರ್ಟಿಗೆ ದಾರಿ ಇಲ್ಲ. ಎದುರಿನವರು ಏನು ಮಾಡಿದರು, ಏನು ಅಂದರು, ಯಾವಾಗ, ಯಾರ ಮುಂದೆ ಅನ್ನುವುದನ್ನಷ್ಟೇ ಅದು ನೋಡುತ್ತದೆ. ಈ ಬರಹ ಅದೇ ಕೆಲಸದ ಬಗ್ಗೆ. ನಿಮ್ಮ ಕೇಸಿನ ವಿವರ ನೋಡಿ ಸಲಹೆ ಕೊಡಬೇಕಾದವರು ನಿಮ್ಮ ವಕೀಲರು. ಅವರ ಹತ್ತಿರ ಹೋಗುವ ಮೊದಲು ತಲೆಯಲ್ಲಿ ಒಂದು ನಕ್ಷೆ ಇರಲಿ ಅಂತ ಇದನ್ನು ಬರೆದಿದ್ದೇನೆ.

ಕಾನೂನಿನಲ್ಲಿ ಇರುವುದು ಒಂದೇ ಸಾಲು

1955ರ ಹಿಂದೂ ವಿವಾಹ ಕಾಯ್ದೆಯ ಸೆಕ್ಷನ್ 13(1)(ಐಎ) ಹೇಳುವುದು ಇಷ್ಟೇ: ಮದುವೆಯಾದ ಮೇಲೆ ಗಂಡ ಅಥವಾ ಹೆಂಡತಿ ಇನ್ನೊಬ್ಬರನ್ನು ಕ್ರೌರ್ಯದಿಂದ ನಡೆಸಿಕೊಂಡಿದ್ದರೆ ವಿಚ್ಛೇದನ ಕೇಳಬಹುದು. ಕ್ರೌರ್ಯ ಅಂದರೆ ಏನು ಅಂತ ಕಾಯ್ದೆ ಎಲ್ಲೂ ಹೇಳುವುದಿಲ್ಲ. “ಮಾನಸಿಕ” ಅನ್ನುವ ಪದವೂ ಅಲ್ಲಿಲ್ಲ. ಅದನ್ನು ಬೆಳೆಸಿದ್ದೆಲ್ಲ ಕೋರ್ಟುಗಳು. 1976ರ ತಿದ್ದುಪಡಿಗೆ ಮೊದಲು ಈ ಕಾಯ್ದೆಯಲ್ಲಿ ಕ್ರೌರ್ಯಕ್ಕೆ ಸಿಗುತ್ತಿದ್ದದ್ದು ನ್ಯಾಯಿಕ ಪ್ರತ್ಯೇಕತೆ, ಅಂದರೆ ಮದುವೆ ಉಳಿದು ಬೇರೆ ಇರಲು ಅನುಮತಿ. ಅದಕ್ಕೂ ಜೊತೆಯಲ್ಲಿದ್ದರೆ ಹಾನಿಯಾಗುತ್ತದೆ ಅನ್ನುವ ಭಯಕ್ಕೆ ಕಾರಣ ತೋರಿಸಬೇಕಿತ್ತು. ಈಗ ಆ ಮಾತನ್ನು ಕಾಯ್ದೆಯಿಂದ ತೆಗೆದಿದ್ದಾರೆ.

ಬೇಕೆಂತಲೇ ನೋಯಿಸಿದರು ಅಂತ ಸಾಬೀತು ಮಾಡಬೇಕಾಗಿಯೂ ಇಲ್ಲ. ಇದನ್ನು ಗಟ್ಟಿಯಾಗಿ ಹೇಳಿದ್ದು 1988ರ ಶೋಭಾ ರಾಣಿ ಪ್ರಕರಣ. ಆ ತೀರ್ಪು ಬರೆದವರು ನಮ್ಮ ಕರ್ನಾಟಕದವರೇ ಆದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ. ಆ ಕೇಸಿನಲ್ಲಿ ಗಂಡ ಹೆಂಡತಿಗೆ ಒಂದು ಪತ್ರ ಬರೆದಿದ್ದ. ತನ್ನ ಅಪ್ಪ ಅಮ್ಮ ಕೆಲವು ಸಾವಿರ ರೂಪಾಯಿ ಕೇಳಿದ್ದರಲ್ಲಿ ತಪ್ಪೇನೂ ಇಲ್ಲ, ಇದೆಲ್ಲ ಮಾಮೂಲಿ ಅನ್ನುವ ಅರ್ಥದ ಪತ್ರ. ಹೈಕೋರ್ಟಿಗೆ ಹೆಂಡತಿಯೇ ಸಣ್ಣ ವಿಷಯಕ್ಕೆ ಜಾಸ್ತಿ ನೊಂದುಕೊಳ್ಳುವವಳಂತೆ ಕಂಡಿದ್ದಳು. ಸುಪ್ರೀಂ ಕೋರ್ಟ್ ಅದೇ ಪತ್ರ ಹಿಡಿದು, ವರದಕ್ಷಿಣೆ ಕೇಳುವುದೇ ಕ್ರೌರ್ಯ ಅಂತ ವಿಚ್ಛೇದನ ಕೊಟ್ಟಿತು. ಬರವಣಿಗೆಯಲ್ಲಿರುವ ಒಂದು ಕಾಗದಕ್ಕೆ ಎಷ್ಟು ಬೆಲೆ ಅಂತ ಇದರಿಂದಲೇ ತಿಳಿಯುತ್ತದೆ.

ಹಂತ 1: ಈ ದಾರಿ ನಿಮಗೆ ಅನ್ವಯಿಸುತ್ತದಾ?

ಹಿಂದೂ, ಬೌದ್ಧ, ಜೈನ, ಸಿಖ್ಖರಿಗೆ ಈ ಕಾಯ್ದೆ ಅನ್ವಯಿಸುತ್ತದೆ. ವೀರಶೈವ, ಲಿಂಗಾಯತ ಅನ್ನುವ ಪದಗಳು ಸೆಕ್ಷನ್ 2ರಲ್ಲೇ ಇವೆ. ಪರಿಶಿಷ್ಟ ಪಂಗಡದವರಿಗೆ, ಕೇಂದ್ರ ಸರ್ಕಾರ ಅಧಿಸೂಚನೆ ಹೊರಡಿಸಿದ್ದರೆ ಹೊರತು, ಅನ್ವಯಿಸುವುದಿಲ್ಲ. ವಿಶೇಷ ವಿವಾಹ ಕಾಯ್ದೆಯಡಿ ಮದುವೆ ಆಗಿದ್ದರೆ ಅರ್ಜಿ ಹಾಕುವುದು ಆ ಕಾಯ್ದೆಯಲ್ಲಿ. ಕ್ರೌರ್ಯದ ಆಧಾರ ಅಲ್ಲೂ ಇದೆ. ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಸಹಿ ಹಾಕಿದ್ದು ಯಾವ ಕಾಯ್ದೆಯಡಿ ಅನ್ನುವುದು ಎಷ್ಟೋ ಜನರಿಗೆ ಗೊತ್ತೇ ಇರುವುದಿಲ್ಲ. ಸರ್ಟಿಫಿಕೇಟ್ ತೆಗೆದು ತಲೆಬರಹ ಓದಿ.

ಮದುವೆಯಾಗಿ ಒಂದು ವರ್ಷ ಆಗಿರಬೇಕು. ಅಸಾಧಾರಣ ಕಷ್ಟ ಇದ್ದರೆ ಸೆಕ್ಷನ್ 14ರಡಿ ಮೊದಲೇ ಅನುಮತಿ ಕೇಳಬಹುದು, ಆದರೆ ಅದು ಸುಲಭಕ್ಕೆ ಸಿಗುವುದಿಲ್ಲ.

ಜೀವಕ್ಕೆ ಅಪಾಯ ಇದ್ದರೆ ವಿಚ್ಛೇದನದ ಲೆಕ್ಕ ಆಮೇಲೆ. 112ಕ್ಕೆ ಕರೆ ಮಾಡಿ. ಮಹಿಳೆಯರಿಗೆ 181 ಇದೆ, 2005ರ ಕೌಟುಂಬಿಕ ಹಿಂಸೆ ಕಾಯ್ದೆಯಡಿ ರಕ್ಷಣೆ ಕೇಳಬಹುದು. ಮನಸ್ಸು ತೀರಾ ಕುಸಿದಿದ್ದರೆ ಟೆಲಿ ಮಾನಸ್ 14416ಕ್ಕೆ ಕರೆ ಮಾಡಿ. ಕನ್ನಡದಲ್ಲೇ ಮಾತಾಡಬಹುದು, ದುಡ್ಡಿಲ್ಲ.

ಹಂತ 2: ಒಂದು ನೋಟ್‌ಬುಕ್ ತಗೊಳ್ಳಿ

ಎಲ್ಲದಕ್ಕಿಂತ ಮುಖ್ಯವಾದ ಹಂತ ಇದು. ಜನ ಬಿಟ್ಟುಬಿಡುವುದೂ ಇದನ್ನೇ.

ಸುಮಾರು ಅರ್ಜಿಗಳಲ್ಲಿ ಈ ತರಹದ ಸಾಲು ಇರುತ್ತದೆ: “ಎದುರುದಾರರು ಅರ್ಜಿದಾರಳಿಗೆ ದಿನನಿತ್ಯ ಮಾನಸಿಕ ಹಿಂಸೆ ನೀಡಿ ಅವಮಾನಿಸುತ್ತಿದ್ದರು.” ಓದಿದವರಿಗೆ ಏನಾದರೂ ಕಂಡಿತಾ? ಏನೂ ಇಲ್ಲ. ಈಗ ಇದನ್ನು ನೋಡಿ, ಉದಾಹರಣೆಗೆ ನಾನೇ ಕಟ್ಟಿದ್ದು:

“2023ರ ಯುಗಾದಿ ದಿನ ಮಧ್ಯಾಹ್ನ. ಊಟಕ್ಕೆ ನನ್ನ ಚಿಕ್ಕಮ್ಮ, ಅವರ ಮಗ ಬಂದಿದ್ದರು. ನಾನು ಒಬ್ಬಟ್ಟು ಬಡಿಸುತ್ತಿದ್ದೆ. ಗಂಡ ಎಲ್ಲರ ಮುಂದೆ, ‘ಇವಳಪ್ಪ ಇವಳ ಕೈಯಲ್ಲಿ ಕೊಟ್ಟು ಕಳಿಸಿದ್ದು ಈ ಸೌಟು ಒಂದೇ’ ಅಂದರು. ಚಿಕ್ಕಮ್ಮ ಊಟ ಬಿಟ್ಟು ಎದ್ದರು. ಅವತ್ತು ರಾತ್ರಿಯಿಂದ ಹತ್ತು ದಿನ ಗಂಡ ನನ್ನ ಹತ್ತಿರ ಮಾತಾಡಲಿಲ್ಲ. ಹನ್ನೊಂದನೇ ದಿನ ವಾಟ್ಸಾಪ್‌ನಲ್ಲಿ ಒಂದು ಮೆಸೇಜ್ ಬಂತು: ಬಾಡಿಗೆ ಕಟ್ಟು.”

ಇಲ್ಲಿ ದಿನ ಇದೆ, ಜಾಗ ಇದೆ, ಆಡಿದ ಮಾತು ಇದೆ, ಇಬ್ಬರು ಸಾಕ್ಷಿಗಳಿದ್ದಾರೆ, ಫೋನಿನಲ್ಲಿ ಒಂದು ದಾಖಲೆ ಇದೆ. “ಹಿಂಸೆ” ಅನ್ನುವ ಪದ ಎಲ್ಲೂ ಇಲ್ಲ, ಅದರ ಅಗತ್ಯವೂ ಬೀಳಲಿಲ್ಲ.

ಹೀಗೆ ಒಂದೊಂದು ಘಟನೆಗೆ ಒಂದೊಂದು ಪುಟ ಬಿಡಿ. ತಾರೀಖು ನೆನಪಿಲ್ಲದಿದ್ದರೆ “ಮಗಳ ನಾಮಕರಣದ ಹಿಂದಿನ ವಾರ” ಅಂತ ಬರೆಯಿರಿ. ಊಹೆ ಮಾಡಿ ತಾರೀಖು ಹಾಕಲೇಬೇಡಿ. ನೀವು ಹೇಳಿದ ದಿನ ಅವರು ಆಫೀಸ್ ಕೆಲಸಕ್ಕೆ ಪುಣೆಯಲ್ಲಿದ್ದರು ಅಂತ ಟಿಕೆಟ್ ತೋರಿಸಿದರೆ ಉಳಿದ ಹತ್ತು ನಿಜದ ಮೇಲೂ ಅನುಮಾನ ಬರುತ್ತದೆ. ಆಡಿದ ಮಾತನ್ನು ಆಡಿದ ಹಾಗೇ ಬರೆಯಿರಿ. ಬೈಗುಳ ಇದ್ದರೆ ಬೈಗುಳವನ್ನೇ ಬರೆಯಿರಿ. “ಅವಾಚ್ಯ ಶಬ್ದಗಳಿಂದ ನಿಂದಿಸಿದರು” ಅನ್ನುವುದು ಪೊಲೀಸ್ ಭಾಷೆ, ಅದು ನಿಮ್ಮ ನೋಟ್‌ಬುಕ್‌ಗೆ ಬೇಡ. ನೀವು ತಿರುಗಿಸಿ ಏನಂದಿರಿ ಅನ್ನುವುದನ್ನೂ ಬರೆಯಿರಿ. ಅದು ಹೇಗೂ ಪಾಟೀಸವಾಲಿನಲ್ಲಿ, ಅಂದರೆ ಎದುರಿನ ವಕೀಲರು ನಿಮ್ಮನ್ನು ಪ್ರಶ್ನಿಸುವಾಗ, ಹೊರಗೆ ಬರುತ್ತದೆ. ನಿಮ್ಮ ವಕೀಲರಿಗೆ ಅವತ್ತು ಮೊದಲ ಸಲ ಗೊತ್ತಾಗಬಾರದು.

ಅರ್ಜಿಯಲ್ಲಿ ಇಲ್ಲದ ಘಟನೆಯನ್ನು ಆಮೇಲೆ ಸಾಕ್ಷ್ಯದಲ್ಲಿ ತುರುಕಲು ಹೋದರೆ ಎದುರಿನ ವಕೀಲರು ಬಿಡುವುದಿಲ್ಲ. ಅದಕ್ಕೇ ಈ ಕೆಲಸ ಅರ್ಜಿಗಿಂತ ಮೊದಲೇ ಮುಗಿದಿರಬೇಕು.

ಹಂತ 3: ಇದು ಕ್ರೌರ್ಯವಾ, ಸಂಸಾರದ ಜಗಳವಾ?

ನೋಟ್‌ಬುಕ್ ತುಂಬಿದ ಮೇಲೆ ಅದನ್ನು 2007ರ ಸಮರ್ ಘೋಷ್ ತೀರ್ಪಿನ ಪಕ್ಕ ಇಟ್ಟು ನೋಡಿ. ಗಂಡ ಹೆಂಡತಿ ಇಬ್ಬರೂ ಐಎಎಸ್ ಅಧಿಕಾರಿಗಳಾಗಿದ್ದ ಆ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಮಾನಸಿಕ ಕ್ರೌರ್ಯದ ಬಗ್ಗೆ ಹದಿನಾರು ಅಂಶಗಳನ್ನು ಪಟ್ಟಿ ಮಾಡಿತು. ಪಟ್ಟಿ ಇಷ್ಟಕ್ಕೇ ಮುಗಿಯಲಿಲ್ಲ ಅಂತಲೂ ಹೇಳಿತು. ಈಗ ಯಾವ ಫ್ಯಾಮಿಲಿ ಕೋರ್ಟಿಗೆ ಹೋದರೂ ಈ ಹೆಸರು ಕೇಳಿಬರುತ್ತದೆ.

ಅದರ ಪ್ರಕಾರ, ಕಾರಣ ಇಲ್ಲದೆ ತುಂಬಾ ಕಾಲ ದೈಹಿಕ ಸಂಬಂಧ ನಿರಾಕರಿಸುವುದು, ಮಕ್ಕಳೇ ಬೇಡ ಅಂತ ಒಬ್ಬರೇ ತೀರ್ಮಾನ ಮಾಡುವುದು, ಗಂಡನಿಗೆ ಹೇಳದೆ ಕಾರಣವಿಲ್ಲದೆ ಗರ್ಭಪಾತ ಮಾಡಿಸುವುದು, ಹೆಂಡತಿಗೆ ಹೇಳದೆ ಸಂತಾನಹರಣ ಚಿಕಿತ್ಸೆ ಮಾಡಿಸಿಕೊಳ್ಳುವುದು, ಬದುಕು ನರಕವಾಗುವಷ್ಟು ಎಡೆಬಿಡದೆ ನಿಂದಿಸುವುದು, ತಾತ್ಸಾರ ಮಾಡುವುದು ಮಾನಸಿಕ ಕ್ರೌರ್ಯ ಆಗಬಹುದು. ಆಗಬಹುದು ಅಷ್ಟೇ, ಆಗೇ ಆಗುತ್ತದೆ ಅಂತಲ್ಲ. ಮನೆಯ ಹಿನ್ನೆಲೆ, ಓದು, ಸಂದರ್ಭ ಎಲ್ಲ ನೋಡುತ್ತಾರೆ. ಒಬ್ಬರ ಮನೆಯಲ್ಲಿ ಕ್ರೌರ್ಯ ಅನ್ನಿಸಿಕೊಂಡದ್ದು ಇನ್ನೊಬ್ಬರ ಮನೆಯಲ್ಲಿ ಅಲ್ಲದೇ ಇರಬಹುದು.

ಅದೇ ತೀರ್ಪು ಇನ್ನೊಂದು ಕಡೆಯನ್ನೂ ಹೇಳುತ್ತದೆ. ಸಣ್ಣಪುಟ್ಟ ಕಿರಿಕಿರಿ, ಆಗಾಗ ಜಗಳ, ಎಲ್ಲ ಸಂಸಾರದಲ್ಲೂ ಇರುವ ತಿಕ್ಕಾಟ ಸಾಲದು. ವರ್ಷಗಟ್ಟಲೆ ಬಾಳಿದ ಸಂಸಾರದಲ್ಲಿ ಅಲ್ಲೊಂದು ಇಲ್ಲೊಂದು ಘಟನೆ ಹೆಕ್ಕಿದರೂ ಆಗದು. ಹಾಗಾಗಿ ನಿಮ್ಮ ನೋಟ್‌ಬುಕ್‌ನಲ್ಲಿ “ಅಡುಗೆಗೆ ಉಪ್ಪು ಕಮ್ಮಿ ಅಂದರು” ಅನ್ನುವಂಥವು ಇದ್ದರೆ ಹೊಡೆದುಹಾಕಿ. ಹತ್ತು ಗಟ್ಟಿ ಘಟನೆಗಳ ನಡುವೆ ನಲವತ್ತು ಜೊಳ್ಳು ಸೇರಿಸಿದರೆ ಜಡ್ಜ್ ಕಣ್ಣಿಗೆ ಬೀಳುವುದು ಜೊಳ್ಳೇ.

ನಮ್ಮ ಕಡೆಯಿಂದ ಎರಡು ಕೇಸು ಹೇಳುತ್ತೇನೆ. ಗಂಡನ ಮೈಬಣ್ಣ ಕಪ್ಪು ಅಂತ ಹೀಯಾಳಿಸುತ್ತಾ, ಮೇಲೆ ಅಕ್ರಮ ಸಂಬಂಧದ ಸುಳ್ಳು ಆರೋಪ ಹೊರಿಸಿದ್ದನ್ನು 2023ರಲ್ಲಿ ಕರ್ನಾಟಕ ಹೈಕೋರ್ಟ್ ಕ್ರೌರ್ಯ ಅಂದಿತು. ಇನ್ನೊಂದು ಬೆಂಗಳೂರಿನ ಫ್ಯಾಮಿಲಿ ಕೋರ್ಟಿನಿಂದ ಹೊರಟ ಕೇಸು. ಅಲ್ಲಿ ಗಂಡನಿಗೆ 2001ರಲ್ಲಿ ಡಿಕ್ರಿ (ವಿಚ್ಛೇದನದ ಆದೇಶ) ಸಿಕ್ಕಿತು, 2006ರಲ್ಲಿ ಹೈಕೋರ್ಟ್ ಅದನ್ನು ರದ್ದು ಮಾಡಿತು, 2016ರಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಎತ್ತಿಹಿಡಿಯಿತು. ಆತ್ಮಹತ್ಯೆಯ ಬೆದರಿಕೆ ಮತ್ತು ಯತ್ನ, ಮನೆಗೆಲಸದವಳ ಜೊತೆ ಸಂಬಂಧ ಇದೆ ಅನ್ನುವ ಆಧಾರವಿಲ್ಲದ ಆರೋಪ, ವಯಸ್ಸಾದ ತಂದೆ ತಾಯಿಯನ್ನು ಬಿಟ್ಟು ಬಾ ಅನ್ನುವ ಒತ್ತಡ, ಇವು ಅಲ್ಲಿದ್ದ ಕಾರಣಗಳು. ಕೊನೆಯದರ ಬಗ್ಗೆ ಟೀಕೆಯೂ ಬಂತು. ಸೊಸೆ ಬೇರೆ ಮನೆ ಕೇಳಿದ ಮಾತ್ರಕ್ಕೆ ಕ್ರೌರ್ಯ ಅಂತ ಆ ತೀರ್ಪನ್ನು ಓದಿಕೊಳ್ಳುವುದು ತಪ್ಪು ಅನ್ನುವುದು ನನ್ನ ಅಭಿಪ್ರಾಯ. ಅಲ್ಲಿ ಗೆದ್ದದ್ದು ಎಲ್ಲ ಸಂಗತಿಗಳ ಒಟ್ಟು ಭಾರ.

“ನಮಗೆ ಹೊಂದಾಣಿಕೆ ಇಲ್ಲ, ಪ್ರೀತಿ ಸತ್ತುಹೋಗಿದೆ” ಅನ್ನುವುದು ಈ ಕಾಯ್ದೆಯಲ್ಲಿ ಕಾರಣವೇ ಅಲ್ಲ. ಸರಿಪಡಿಸಲಾರದಷ್ಟು ಮುರಿದ ಮದುವೆ ಅಂತ ವಿಚ್ಛೇದನ ಕೊಡುವ ಅಧಿಕಾರ ಸಂವಿಧಾನದ 142ನೇ ವಿಧಿಯಡಿ ಸುಪ್ರೀಂ ಕೋರ್ಟಿಗೆ ಇದೆ ಅಂತ 2023ರ ಮೇ 1ರಂದು ಐವರು ನ್ಯಾಯಮೂರ್ತಿಗಳ ಪೀಠ ಹೇಳಿತು. ಫ್ಯಾಮಿಲಿ ಕೋರ್ಟಿಗೆ ಆ ಅಧಿಕಾರ ಇಲ್ಲ.

ಹಂತ 4: ಸಾಕ್ಷ್ಯ ಒಟ್ಟುಮಾಡಿ

ಇದು ಸಿವಿಲ್ ಕೇಸು. ಕೊಲೆ ಕೇಸಿನ ಹಾಗೆ ಸಂಶಯಕ್ಕೆ ಎಡೆಯೇ ಇಲ್ಲದಂತೆ ಸಾಬೀತು ಮಾಡಬೇಕಿಲ್ಲ. ಯಾರ ಮಾತು ನಿಜ ಇರುವ ಸಂಭವ ಜಾಸ್ತಿ ಅಂತ ತೂಗಿ ನೋಡುತ್ತಾರೆ. 1975ರ ದಾಸ್ತಾನೆ ತೀರ್ಪಿನಿಂದ ಇದೇ ಅಳತೆ.

ನಾಲ್ಕು ಗೋಡೆಯೊಳಗೆ ನಡೆದದ್ದಕ್ಕೆ ಅಪ್ಪ, ಅಮ್ಮ, ಅಕ್ಕ, ತಂಗಿ ಸಾಕ್ಷಿಯಾದರೂ ನಡೆಯುತ್ತದೆ. ಸಂಬಂಧಿಕರು ಅಂತ ಅವರ ಮಾತನ್ನು ತಳ್ಳಿಹಾಕುವುದಿಲ್ಲ. ಪಕ್ಕದ ಮನೆಯವರನ್ನು ಜಾಸ್ತಿ ನಂಬಬೇಡಿ. “ಎಲ್ಲಾ ಕೇಳಿಸಿದೆ ಕಣಮ್ಮ” ಅಂದವರು ಕೋರ್ಟ್ ಅಂದ ತಕ್ಷಣ ಊರಿಗೆ ಹೋಗಿಬಿಡುತ್ತಾರೆ. ನೋವು ತೋಡಿಕೊಂಡು ಅಣ್ಣನಿಗೆ ಅವತ್ತೇ ಕಳಿಸಿದ ಮೆಸೇಜ್, ನಿದ್ದೆ ಬರುತ್ತಿಲ್ಲ ಅಂತ ಡಾಕ್ಟರ್ ಹತ್ತಿರ ಹೋಗಿದ್ದ ಚೀಟಿ, ಕೌನ್ಸೆಲಿಂಗ್‌ಗೆ ಹೋಗಿದ್ದರೆ ಅದರ ರಸೀದಿ, ಎಟಿಎಂ ಕಾರ್ಡ್ ಕಿತ್ತುಕೊಂಡಿದ್ದರೆ ಬ್ಯಾಂಕ್ ಸ್ಟೇಟ್‌ಮೆಂಟ್, ಇವು ಹೆಚ್ಚು ಕೆಲಸಕ್ಕೆ ಬರುತ್ತವೆ.

ವಾಟ್ಸಾಪ್ ವಿಷಯದಲ್ಲಿ ಬರೀ ಸ್ಕ್ರೀನ್‌ಶಾಟ್ ಪ್ರಿಂಟ್ ಸಾಲದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ ಸೆಕ್ಷನ್ 63ರ ಪ್ರಮಾಣಪತ್ರ ಜೊತೆಗಿರಬೇಕು. ಹಳೆಯ ಕಾನೂನಿನಲ್ಲಿ ಇದೇ 65ಬಿ. ಈಗಿನದರಲ್ಲಿ ಎರಡು ಭಾಗ ಇದೆ: ಒಂದಕ್ಕೆ ಫೋನ್ ಇಟ್ಟುಕೊಂಡವರು ಸಹಿ ಹಾಕಬೇಕು, ಇನ್ನೊಂದಕ್ಕೆ ತಜ್ಞರು. ಇಡೀ ಚಾಟ್ ಎಕ್ಸ್‌ಪೋರ್ಟ್ ಮಾಡಿ ಇಟ್ಟುಕೊಳ್ಳಿ, ಬೇಕಾದ ಸಾಲು ಮಾತ್ರ ಕತ್ತರಿಸಬೇಡಿ. ಹಳೆಯ ಫೋನನ್ನು ಎಕ್ಸ್‌ಚೇಂಜ್‌ಗೆ ಕೊಡಬೇಡಿ.

ಗುಟ್ಟಾಗಿ ರೆಕಾರ್ಡ್ ಮಾಡಿದ ಮಾತು ನಡೆಯುತ್ತದಾ ಅಂತ ಎಲ್ಲರೂ ಕೇಳುತ್ತಾರೆ. ಗಂಡ ಹೆಂಡತಿ ನಡುವಿನ ಇಂಥ ರೆಕಾರ್ಡಿಂಗನ್ನು ವೈವಾಹಿಕ ಕೇಸಿನಲ್ಲಿ ಸಾಕ್ಷ್ಯವಾಗಿ ಪರಿಗಣಿಸಬಹುದು ಅಂತ 2025ರ ಜುಲೈಯಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಂತ ಅವರ ಫೋನಿಗೆ ಕಳ್ಳ ಆ್ಯಪ್ ಹಾಕುವುದು, ಪಾಸ್‌ವರ್ಡ್ ಮುರಿಯುವುದು ಬೇರೆಯೇ ಕಥೆ. ಆ ದಾರಿ ನಿಮ್ಮನ್ನೇ ಆರೋಪಿ ಮಾಡೀತು.

ಹಂತ 5: “ಕ್ಷಮಿಸಿ ಮತ್ತೆ ಸೇರಿಕೊಂಡಿರಾ?”

ದಾಸ್ತಾನೆ ಕೇಸನ್ನು ಇನ್ನೊಂದು ಕಾರಣಕ್ಕೂ ನೆನಪಿಟ್ಟುಕೊಳ್ಳಬೇಕು. ಹೆಂಡತಿ ರಾತ್ರಿ ದೀಪ ಹಾಕಿ ಹಾಸಿಗೆ ಪಕ್ಕ ಕೂತು ಕಾಡುತ್ತಿದ್ದಳು, ಮಂಗಳಸೂತ್ರ ಕಿತ್ತುಹಾಕಿದ್ದಳು, ಬೆಂಕಿ ಹಚ್ಚಿಕೊಳ್ಳುತ್ತೇನೆ ಅಂತ ಹೆದರಿಸುತ್ತಿದ್ದಳು. ಇದು ಕ್ರೌರ್ಯವೇ ಅಂತ ಕೋರ್ಟ್ ಒಪ್ಪಿತು. ಆದರೂ ಗಂಡ ಸೋತ. ಇದೆಲ್ಲ ಆದ ಮೇಲೂ ಸಂಸಾರ ಮುಂದುವರಿಸಿದ್ದರಿಂದ ಅವನು ಅದನ್ನು ಮನ್ನಿಸಿದ್ದಾನೆ ಅಂತ ತೀರ್ಪಾಯಿತು.

ಸೆಕ್ಷನ್ 23(1)(ಬಿ) ಇದೇ. ಹಾಗಾದರೆ ಮಕ್ಕಳಿಗೋಸ್ಕರ ಸಹಿಸಿಕೊಂಡು ಇದ್ದವರ ಗತಿ? ಸಹಿಸಿಕೊಂಡದ್ದೆಲ್ಲ ಮನ್ನಿಸಿದ್ದು ಅಂತಲ್ಲ. ಮನ್ನಿಸಿದ ಮೇಲೂ ಅದೇ ನಡತೆ ಮರುಕಳಿಸಿದರೆ ಹಳೆಯದಕ್ಕೂ ಜೀವ ಬರುತ್ತದೆ. ಆದ್ದರಿಂದ ಅರ್ಜಿಯಲ್ಲಿ ಇದನ್ನು ಮುಚ್ಚಿಡಬೇಡಿ. ಯಾವಾಗ ವಾಪಸ್ ಹೋದಿರಿ, ಯಾರು ರಾಜಿ ಪಂಚಾಯ್ತಿ ಮಾಡಿದರು, ಏನು ಮಾತು ಕೊಟ್ಟರು, ಆ ಮಾತು ಎಷ್ಟು ದಿನ ಉಳಿಯಿತು, ಮತ್ತೆ ಶುರುವಾದದ್ದು ಯಾವತ್ತು, ಎಲ್ಲ ಬರೆಯಿರಿ.

ಹಂತ 6: ಅರ್ಜಿ ಹಾಕುವ ಮೊದಲು ಮ್ಯೂಚುವಲ್ ಕೇಳಿ ನೋಡಿ

ಇಬ್ಬರೂ ಒಪ್ಪಿದರೆ ಸೆಕ್ಷನ್ 13ಬಿ ಇದೆ. ಒಂದು ವರ್ಷ ಬೇರೆ ಇದ್ದಿರಬೇಕು. ಮೊದಲ ಅರ್ಜಿಗೂ ಎರಡನೆಯದಕ್ಕೂ ನಡುವೆ ಆರು ತಿಂಗಳು ಕಾಯಬೇಕು. ಸಂದರ್ಭ ನೋಡಿ ಆ ಆರು ತಿಂಗಳನ್ನು ಕೋರ್ಟ್ ಬಿಟ್ಟುಕೊಡಬಹುದು ಅಂತ 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಕ್ರೌರ್ಯದ ಕೇಸ್ ನಡೆಯುತ್ತಿರುವಾಗಲೂ ಮಧ್ಯದಲ್ಲಿ ಈ ದಾರಿಗೆ ತಿರುಗಬಹುದು, ತುಂಬಾ ಜನ ತಿರುಗುತ್ತಾರೆ. ಮೇಲೆ ಹೇಳಿದ ಬೆಂಗಳೂರಿನ ಕೇಸಿಗೆ ಮೊದಲ ಡಿಕ್ರಿಯಿಂದ ಕೊನೆಯ ತೀರ್ಪಿಗೇ ಹದಿನೈದು ವರ್ಷ ಹಿಡಿಯಿತು ಅನ್ನುವುದು ಲೆಕ್ಕದಲ್ಲಿರಲಿ.

ಹಂತ 7: ಅರ್ಜಿ

ಎಲ್ಲಿ ಹಾಕುವುದು? ಮದುವೆ ನಡೆದ ಊರು, ಕೊನೆಯದಾಗಿ ಇಬ್ಬರೂ ಜೊತೆಗಿದ್ದ ಊರು, ಎದುರುದಾರರು ಈಗಿರುವ ಊರು. ಅರ್ಜಿದಾರಳು ಹೆಂಡತಿಯಾದರೆ ಅವಳು ಈಗ ಇರುವ ಊರಲ್ಲೂ ಹಾಕಬಹುದು. ಗಂಡ ಅಮೆರಿಕದಲ್ಲೋ ದುಬೈಯಲ್ಲೋ ಇದ್ದಾನೆ ಅಂತ ಕೈಕಟ್ಟಿ ಕೂರಬೇಕಿಲ್ಲ. ಬೆಂಗಳೂರಿನಲ್ಲಿ ಎಚ್. ಸಿದ್ದಯ್ಯ ರಸ್ತೆಯ ನ್ಯಾಯದೇಗುಲದಲ್ಲಿ ಫ್ಯಾಮಿಲಿ ಕೋರ್ಟ್ ಇದೆ. ಫ್ಯಾಮಿಲಿ ಕೋರ್ಟ್ ಇಲ್ಲದ ಕಡೆ ಹಿರಿಯ ಸಿವಿಲ್ ನ್ಯಾಯಾಧೀಶರ ಕೋರ್ಟ್. ನಿಮ್ಮ ಕೇಸಿಗೆ ಒಂದು ಎಂ.ಸಿ. (ಮ್ಯಾಟ್ರಿಮೋನಿಯಲ್ ಕೇಸ್) ನಂಬರ್ ಸಿಗುತ್ತದೆ. ಮುಂದೆ ಎಲ್ಲ ವಾಯಿದೆಗೂ ಅದೇ ಗುರುತು.

ಲಗ್ನಪತ್ರಿಕೆ, ಮದುವೆ ಫೋಟೋ, ವಿಳಾಸದ ದಾಖಲೆ, ಮಕ್ಕಳಿದ್ದರೆ ಜನನ ಪ್ರಮಾಣಪತ್ರ ತಗೊಂಡು ಹೋಗಿ. ಮದುವೆ ನೋಂದಣಿ ಆಗಿಲ್ಲದಿದ್ದರೂ ಮದುವೆ ಮದುವೆಯೇ. ವಕೀಲರ ಫೀಸ್ ಕೊಡಲು ಆಗದಿದ್ದರೆ 15100ಕ್ಕೆ ಕರೆ ಮಾಡಿ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಸಿಗುತ್ತದೆ. ಪರಿಶಿಷ್ಟ ಜಾತಿ, ಪಂಗಡದವರಿಗೂ ಅಷ್ಟೇ.

ಈಗ ಒಂದು ಎಚ್ಚರಿಕೆ, ದಯವಿಟ್ಟು ಎರಡು ಸಲ ಓದಿ. ಅರ್ಜಿಯಲ್ಲಿ ನೀವು ಬರೆಯುವ ಮಾತೇ ನಿಮ್ಮ ಕ್ರೌರ್ಯವಾಗಬಹುದು. 1990ರ ದಶಕದ ವಿ. ಭಗತ್ ಕೇಸಿನಲ್ಲಿ ಗಂಡನಿಗೆ ತಲೆ ಸರಿಯಿಲ್ಲ, ಅವನ ಮನೆತನಕ್ಕೇ ಹುಚ್ಚು ಅನ್ನುವ ಹಾಗೆ ಹೆಂಡತಿ ಕೋರ್ಟಿಗೆ ಕೊಟ್ಟ ಲಿಖಿತ ಉತ್ತರದಲ್ಲಿ, ಪಾಟೀಸವಾಲಿನಲ್ಲಿ ಬಂತು. ಆ ಮಾತುಗಳನ್ನೇ ಸುಪ್ರೀಂ ಕೋರ್ಟ್ ಮಾನಸಿಕ ಕ್ರೌರ್ಯ ಅಂತ ತೆಗೆದುಕೊಂಡು ಗಂಡನಿಗೆ ವಿಚ್ಛೇದನ ಕೊಟ್ಟಿತು. ಶೀಲದ ಮೇಲೆ ಕೆಸರೆರಚಿ, ಆಮೇಲೆ ತಿದ್ದುಪಡಿ ಮಾಡಿ ವಾಪಸ್ ತಗೊಂಡರೂ ಆದ ಗಾಯ ಮಾಯುವುದಿಲ್ಲ ಅಂತ 2003ರ ಇನ್ನೊಂದು ತೀರ್ಪು ಹೇಳಿದೆ. “ಕೇಸ್ ಸ್ಟ್ರಾಂಗ್ ಆಗಲಿ ಅಂತ ಒಂದು ಅಫೇರ್ ಸೇರಿಸೋಣ” ಅಂತ ಯಾರಾದರೂ ಸಲಹೆ ಕೊಟ್ಟರೆ ಫೈಲ್ ತಗೊಂಡು ಎದ್ದು ಬನ್ನಿ.

ಪೊಲೀಸ್ ದೂರಿನ ವಿಷಯವೂ ಹೀಗೇ. ಸುಳ್ಳು ದೂರು ಕ್ರೌರ್ಯ. ಆದರೆ ನಿಜವಾದ ಕಿರುಕುಳಕ್ಕೆ ದೂರು ಕೊಡುವುದು ಕ್ರೌರ್ಯ ಅಲ್ಲ. ಆ ಕೇಸ್ ಕೋರ್ಟಿನಲ್ಲಿ ಬಿದ್ದುಹೋದ ಮಾತ್ರಕ್ಕೆ ದೂರು ಸುಳ್ಳು ಅಂತಲೂ ಆಗುವುದಿಲ್ಲ. ಸುಳ್ಳು ಅನ್ನುವವರೇ ಅದನ್ನು ತೋರಿಸಬೇಕು.

ಹಂತ 8: ಕೋರ್ಟಿನ ಒಳಗೆ

ಮೊದಲು ನೋಟಿಸ್ ಹೋಗುತ್ತದೆ. ಎದುರಿನವರು ಬಾರದಿದ್ದರೂ ಡಿಕ್ರಿ ತಾನಾಗಿ ಬರುವುದಿಲ್ಲ, ನೀವು ಸಾಬೀತು ಮಾಡಲೇಬೇಕು. ಬಂದರೆ ಮೊದಲು ಕೌನ್ಸೆಲಿಂಗ್ ಅಥವಾ ಮಧ್ಯಸ್ಥಿಕೆ. ಅಲ್ಲಿ ಆಡಿದ ಮಾತು ಗುಟ್ಟಾಗಿರುತ್ತದೆ, ಅದನ್ನು ಸಾಕ್ಷ್ಯ ಮಾಡುವಂತಿಲ್ಲ. ಹಾಗಾಗಿ ಅಲ್ಲಿ ಸ್ವಲ್ಪ ಮನಸ್ಸು ಬಿಚ್ಚಿ ಮಾತಾಡಬಹುದು. ವಿಚಾರಣೆಯೂ ಮುಚ್ಚಿದ ಬಾಗಿಲ ಹಿಂದೆ ನಡೆಯುತ್ತದೆ.

ಕೇಸ್ ನಡೆಯುವಷ್ಟು ದಿನ ಹೊಟ್ಟೆಪಾಡಿಗೆ ಸೆಕ್ಷನ್ 24ರಡಿ ಮಧ್ಯಂತರ ಜೀವನಾಂಶ, ಕೇಸಿನ ಖರ್ಚು ಕೇಳಬಹುದು. ಆದಾಯ ಇಲ್ಲದ ಗಂಡನೂ ಕೇಳಬಹುದು. ಇಬ್ಬರೂ ತಮ್ಮ ಆಸ್ತಿ, ಸಾಲ, ಸಂಬಳದ ಅಫಿಡವಿಟ್ ಹಾಕಬೇಕು ಅಂತ 2020ರಿಂದ ನಿಯಮ ಇದೆ. ಸಂಬಳ ಮುಚ್ಚಿಟ್ಟರೆ ಪೇ ಸ್ಲಿಪ್ ಹೊರಗೆ ಬರುತ್ತದೆ, ಆಮೇಲೆ ನೀವು ಹೇಳಿದ ಬೇರೆ ಮಾತಿಗೂ ಬೆಲೆ ಇರುವುದಿಲ್ಲ.

ಕೊನೆಗೆ ಸಾಕ್ಷ್ಯ. ಮುಖ್ಯ ವಿಚಾರಣೆಯನ್ನು, ಅಂದರೆ ನಿಮ್ಮ ಕಡೆಯ ಹೇಳಿಕೆಯನ್ನು, ಅಫಿಡವಿಟ್‌ನಲ್ಲಿ ಕೊಡುತ್ತೀರಿ. ಬೆವರಿಳಿಸುವುದು ಪಾಟೀಸವಾಲು. ಅದು ಹೇಗಿರುತ್ತದೆ ಗೊತ್ತಾ? ಎದುರಿನ ವಕೀಲರು ಒಂದು ಫೋಟೋ ಕೈಗೆ ಕೊಡುತ್ತಾರೆ. ಧರ್ಮಸ್ಥಳಕ್ಕೆ ಹೋದಾಗ ತೆಗೆದದ್ದು, ಇಬ್ಬರೂ ನಗುತ್ತಿದ್ದೀರಿ.

“ಇದರಲ್ಲಿ ಇರೋದು ನೀವೇ ತಾನೇ?”

“ಹೌದು.”

“ಖುಷಿಯಾಗಿದ್ದೀರಿ?”

ಇಲ್ಲಿ ಗಾಬರಿಯಾಗಿ “ಬಲವಂತ ಮಾಡಿ ನಗಿಸಿದರು” ಅಂದವರನ್ನು ಕಂಡಿದ್ದೇನೆ. ಹಾಗೆ ಹೇಳಬೇಡಿ. “ಅವತ್ತು ಚೆನ್ನಾಗಿದ್ದೆವು” ಅಂದರೆ ಸಾಕು, ನಿಜ ಇದ್ದರೆ. ಒಂದು ಒಳ್ಳೆಯ ದಿನ ಇತ್ತು ಅಂದ ತಕ್ಷಣ ಉಳಿದ ದಿನ ಸುಳ್ಳಾಗುವುದಿಲ್ಲ. ನೆನಪಿಲ್ಲದ್ದಕ್ಕೆ ನೆನಪಿಲ್ಲ ಅನ್ನಿ. ಕೇಳಿದಷ್ಟಕ್ಕೇ ಉತ್ತರ ಕೊಡಿ. ಹಿಂದಿನ ರಾತ್ರಿ ನಿಮ್ಮ ಅರ್ಜಿ, ಅಫಿಡವಿಟ್, ಆ ನೋಟ್‌ಬುಕ್ ಮೂರನ್ನೂ ಓದಿಕೊಂಡು ಹೋಗಿ. ಆರು ತಿಂಗಳಲ್ಲಿ ಮುಗಿಸಲು ಯತ್ನಿಸಬೇಕು ಅಂತ ಕಾಯ್ದೆಯಲ್ಲೇ ಇದೆ, ಆದರೆ ಆ ಲೆಕ್ಕದಲ್ಲಿ ರಜೆ ಅರ್ಜಿ ಹಾಕಬೇಡಿ.

ಹಂತ 9: ತೀರ್ಪಿನ ನಂತರ

ಕ್ರೌರ್ಯ ಸಾಬೀತಾದರೂ ಕೋರ್ಟ್ ಕೆಲವೊಮ್ಮೆ ವಿಚ್ಛೇದನದ ಬದಲು ನ್ಯಾಯಿಕ ಪ್ರತ್ಯೇಕತೆ ಕೊಡಬಹುದು. ಶಾಶ್ವತ ಜೀವನಾಂಶ ಸೆಕ್ಷನ್ 25ರಡಿ, ಮಕ್ಕಳ ವಿಷಯ 26ರಡಿ. ಇವನ್ನು ಮೊದಲೇ ಕೇಳಿರಬೇಕು, ತೀರ್ಪಿನ ದಿನ ನೆನಪಾದರೆ ಮತ್ತೆ ಅರ್ಜಿ, ಮತ್ತೆ ವಾಯಿದೆ.

ಫ್ಯಾಮಿಲಿ ಕೋರ್ಟಿನ ತೀರ್ಪಿನ ಮೇಲೆ ಮೇಲ್ಮನವಿ ಹೈಕೋರ್ಟಿಗೆ. ಅವಧಿಯ ಬಗ್ಗೆ ಎರಡು ಕಾಯ್ದೆ ಎರಡು ಲೆಕ್ಕ ಹೇಳುತ್ತವೆ: ಫ್ಯಾಮಿಲಿ ಕೋರ್ಟ್ ಕಾಯ್ದೆಯಲ್ಲಿ 30 ದಿನ, ಹಿಂದೂ ವಿವಾಹ ಕಾಯ್ದೆಯಲ್ಲಿ 90 ದಿನ. ಸೋತವರು 30 ದಿನದ ಒಳಗೇ ಓಡಿ. ಗೆದ್ದವರು 90 ದಿನ ಕಳೆದು, ಮೇಲ್ಮನವಿ ಬಿದ್ದಿಲ್ಲ ಅಂತ ಖಚಿತ ಮಾಡಿಕೊಳ್ಳುವ ತನಕ ಮರುಮದುವೆಯ ಮುಹೂರ್ತ ಇಡಿಸಬೇಡಿ. ಡಿಕ್ರಿಯ ದೃಢೀಕೃತ ನಕಲು ಒಂದಲ್ಲ, ಎರಡು ಮೂರು ತೆಗೆಸಿಕೊಳ್ಳಿ. ಪಾಸ್‌ಪೋರ್ಟ್ ಆಫೀಸಿನಲ್ಲಿ ಒಂದು ಕೇಳುತ್ತಾರೆ, ಬ್ಯಾಂಕಿನಲ್ಲಿ ನಾಮಿನಿ ಬದಲಾಯಿಸುವಾಗ ಇನ್ನೊಂದು.